ಇಂಟರ್ವಲ್ ನಂತರದ ಹೀರೊ

2006ರ ಜುಲೈನ ಒಂದು ಭಾನುವಾರ, ಮೆಲ್ಬರ್ನಿನ ಬಾಕ್ಸ್ ಹಿಲ್‌ನಲ್ಲಿ ನಮ್ಮ ಕನ್ನಡ ಸಿನಿಮಾ ಕೂಟ ನಡೆಸುತ್ತಿದ್ದ ಅಂಕಲ್ ಸ್ವೀಡನ್ನಿನ ಹಳೆಯ ಪ್ರೇಮಹಾಸ್ಯ ಚಿತ್ರವೊಂದನ್ನು ತೋರಿಸಿದರು. ಟಾಕಿ ಶುರುವಾದ ಕಾಲದಲ್ಲಿ ಅದನ್ನು ಎರಡು ಭಾಷೆಗಳಲ್ಲಿ ತೆಗೆದಿದ್ದರು. ಎರಡರಲ್ಲೂ ನಾಯಕಿ ಒಬ್ಬಳೇ, ನಾಯಕ ಮಾತ್ರ ಬೇರೆ. ಅಂದೂ ಜನ ಅರ್ಧಕ್ಕೆ ಎದ್ದುಹೋದರೆ ಕೂಟವನ್ನು ಮುಚ್ಚುವುದೆಂದು ತೀರ್ಮಾನವಾಗಿತ್ತು.

ಅಂಕಲ್ ಕನ್ನಡಕವನ್ನು ಮೂಗಿನ ತುದಿಗಿಳಿಸಿ, ಪರದೆಯ ಪಕ್ಕ ನಿಂತು, ಇಂಗ್ಲಿಷ್ ಸಬ್‌ಟೈಟಲ್ ಓದಿ ಕನ್ನಡದಲ್ಲಿ ಹೇಳುತ್ತಿದ್ದರು. ಯಾರು ಏನು ಕೇಳಿದರೂ, “ಸುಮ್ನೆ ನೋಡಿ” ಎನ್ನುತ್ತಿದ್ದರು. ಇಂಟರ್ವಲ್ ನಂತರ ಎರಡನೇ ಭಾಗಕ್ಕೆ ತಪ್ಪಿ ಇನ್ನೊಂದು ಭಾಷೆಯ ಡಿಸ್ಕ್ ಹಾಕಿದರು.

“ಅಂಕಲ್, ಹೀರೊನೇ ಚೇಂಜ್ ಆಗ್ಬಿಟ್ಟ!” ಎಂದು ಹಿಂದಿನ ಸಾಲಿನಿಂದ ಹುಡುಗಿಯೊಬ್ಬಳು ಕೂಗಿದಳು.

“ಹೀರೊಯಿನ್ನೇ ಒಪ್ಕೊಂಡಿದಾಳೆ, ನಿಂಗೇನಮ್ಮ ಕಷ್ಟ? ಸುಮ್ನೆ ನೋಡು!”

ಹಾಲ್ ತುಂಬ ನಗು. ಕೊನೆಯವರೆಗೂ ಯಾರೂ ಏಳಲಿಲ್ಲ.

2008ರಲ್ಲಿ ಅಂಕಲ್ ಸಿಡ್ನಿಗೆ ಹೋದರು. ಬಾಕ್ಸ್ ಹಿಲ್‌ನ ಕೂಟ ಅವರಿಲ್ಲದೆಯೂ ನಡೆಯುತ್ತಿದೆ. ಸಿಡ್ನಿಯ ಪ್ಯಾರಮಟ್ಟಾದಲ್ಲಿ ಅವರು ಇನ್ನೊಂದನ್ನು ಆರಂಭಿಸಿದ್ದಾರೆ.