ಹೂವಪ್ಪನ ಕವಣೆ

ಸೂಡಿಯ ಹೂವಪ್ಪನಿಗೆ ಬರುತ್ತಿದ್ದುದು ಒಂದೇ ವಿದ್ಯೆ, ಹಕ್ಕಿ ಓಡಿಸುವುದು. ಹೊಲದ ನಡುವೆ ನಾಲ್ಕು ಗೂಟ ನೆಟ್ಟು ಕಟ್ಟಿದ ಮಂಚಿಕೆಯ ಮೇಲೆ ನಿಂತು ಅವನು ಕವಣೆ ಬೀಸಿದರೆ ಕಲ್ಲು ಹಕ್ಕಿಗೆ ತಾಗುತ್ತಿರಲಿಲ್ಲ, ರೆಕ್ಕೆಯ ಪಕ್ಕದಲ್ಲಿ ಸುಂಯ್ ಎಂದು ಹೋಗುತ್ತಿತ್ತು. ಆ ಹಕ್ಕಿ ಮತ್ತೆ ಆ ಕಡೆ ತಲೆ ಹಾಕುತ್ತಿರಲಿಲ್ಲ. ಹೆಂಡತಿ ಸಿದ್ದವ್ವ ತೀರಿಕೊಂಡ ಮೇಲೆ ಊರೊಳಗಿನ ಗುಡಿಸಲು ಬಿದ್ದುಹೋಯಿತು. ಯಾರಿಗಾಗಿ ಎತ್ತಿ ನಿಲ್ಲಿಸಬೇಕು? ಮಂಚಿಕೆಯೇ ಅವನ ಮನೆಯಾಯಿತು. ಹಕ್ಕಿಗಳಿಗೆ ಹೋ ಹೋ ಎನ್ನುವುದು ಬಿಟ್ಟರೆ ಅವನ ಬಾಯಿಗೆ ಬೇರೆ ಕೆಲಸವಿರಲಿಲ್ಲ.

ವರ್ಷಕ್ಕೆ ಒಂದು ದಿನ ಮಾತ್ರ ಬೇರೆ. ಎಳ್ಳಮಾವಾಸ್ಯೆಗೆ ಹೊಲದ ಒಡತಿ ಶೇಖವ್ವ ಮನೆಮಂದಿಯೊಡನೆ ಬಂಡಿ ಕಟ್ಟಿಕೊಂಡು ಬರುತ್ತಿದ್ದಳು. ಭೂತಾಯಿಗೆ ಪೂಜೆ ಮಾಡಿ, ತಂದ ಅಡುಗೆಯಲ್ಲಿ ಆ ತಾಯಿಯ ಪಾಲನ್ನು ಹೊಲದ ತುಂಬ ಚರಗವೆಂದು ಚೆಲ್ಲಿ, ಆಮೇಲೆ ಎಲ್ಲರೂ ಸಾಲಾಗಿ ಕೂತು ಉಣ್ಣುವರು. ಆ ಸಾಲಿನಲ್ಲಿ ಹೂವಪ್ಪನಿಗೂ ಒಂದು ಎಲೆ. ಇನ್ನೊಂದು ಕಡಬು ಹಾಕಿಸಿಕೊ ಎಂದು ಯಾರಾದರೂ ಅನ್ನುವುದನ್ನು ಕೇಳಲಿಕ್ಕೆ ಅವನು ವರ್ಷವಿಡೀ ಕಾಯುತ್ತಿದ್ದ. ಈ ಕಾವಲುಗಾರಿಕೆ ಹೋದರೆ ಆ ಎಲೆಯೂ ಹೋದಂತೆಯೇ.

ನರಗುಂದದಲ್ಲಿ ಬಂಡಾಯ ಎದ್ದಿತಲ್ಲ, ಅದರ ಮುಂಚಿನ ಚಳಿಗಾಲ. ಆ ಸಲ ಶೇಖವ್ವ ಜೋಳ ಬಿಟ್ಟು ಇಡೀ ಹೊಲಕ್ಕೆ ಅವರೆ ಹಾಕಿಸಿದ್ದಳು. ಅವರೆ ಹೂ ಬಿಟ್ಟಾಗ ಸಂಜೆಯ ಹೊತ್ತು ಬೂದುಬಣ್ಣದ ಪತಂಗಗಳು ಬಂದವು. ಹೂವಿನಿಂದ ಹೂವಿಗೆ ಹಾರಿ, ಅವನ ಒಲೆಯ ಬೆಳಕಿಗೂ ಬಂದು ಕಂಬಳಿಯ ಮೇಲೆ ಕೂರುತ್ತಿದ್ದವು. ಕಾಳು ತಿನ್ನದ ಜೀವಕ್ಕೆ ಕಲ್ಲು ಯಾಕೆ? "ಬಂದ್ರೇನ್ರಿ? ಕುಂದರ್ರಿ," ಎಂದು ಹೂವಪ್ಪ ಅವುಗಳನ್ನೇ ಮಾತಾಡಿಸತೊಡಗಿದ. ಸಿದ್ದವ್ವ ಹೋದ ಮೇಲೆ ತಾವಾಗಿ ಅವನ ಹತ್ತಿರ ಬಂದು ಕೂತವೆಂದರೆ ಅವೇ.

ಹದಿನೈದು ದಿನ ಕಳೆಯುವಷ್ಟರಲ್ಲಿ ಕಾಗೆ, ಗೊರವಂಕ, ಬೆಳ್ಳಕ್ಕಿ ಹಿಂಡು ಹಿಂಡಾಗಿ ಮುಗಿಬಿದ್ದವು. ಇವು ಅವರೆಯ ಮೇಲೆ ಕಣ್ಣು ಹಾಕಿವೆ ಎಂದು ಹೂವಪ್ಪ ಒಂದನ್ನೂ ಇಳಿಯಗೊಡಲಿಲ್ಲ. ಬೀಸಿ ಬೀಸಿ ಭುಜ ಬಾತುಹೋಯಿತು. ಪಕ್ಕದ ಹೊಲದ ಯಮನೂರಸಾಬ ಗಜೇಂದ್ರಗಡಕ್ಕೆ ಮಗಳ ಮನೆಗೆ ಹೋಗಿ ಕೂತಿದ್ದ. ಕಾಯುವವರಿಲ್ಲದ ಅವನ ಅವರೆಯಲ್ಲಿ ಹಕ್ಕಿಗಳು ಹಬ್ಬ ಮಾಡುತ್ತಿದ್ದವು. ಪಾಪ, ಸಾಬನ ಬೆಳೆ ಹೋಯಿತು ಎಂದು ಹೂವಪ್ಪ ಮರುಗಿದ.

ಎಳ್ಳಮಾವಾಸ್ಯೆ ಬಂತು. ಶೇಖವ್ವ ಚರಗ ಚೆಲ್ಲಿ ತಿರುಗುವಷ್ಟರಲ್ಲಿ, ಬಂಡಿಯ ಮರೆಯಲ್ಲಿದ್ದ ಹೂವಪ್ಪನನ್ನು ಕಾಣದೆ ಗೊರವಂಕಗಳು ಇಳಿದವು. ಒಡತಿಯ ಕಣ್ಣೆದುರು ಕೈಚಳಕ ತೋರಿಸುವ ಉಮೇದಿಯಲ್ಲಿ ಹೂವಪ್ಪ ಕವಣೆ ಬೀಸಿಯೇ ಬಿಟ್ಟ. ಹಿಂಡೆಲ್ಲ ಎದ್ದು ಸಾಬನ ಹೊಲಕ್ಕೆ ಹೋಯಿತು.

"ಚರಗಾ ಯಾರ ಸಲುವಾಗಿ ಚೆಲ್ಲಿದ್ನೋ ಹೂವಪ್ಪ?" ಎಂದಳು ಶೇಖವ್ವ.

"ಭೂಮ್ತಾಯಿ ಸಲುವಾಗ್ರಿ ಅವ್ವಾರ."

"ಆಕಿ ಹಕ್ಕಿ ಬಾಯ್ಲೇ ಉಣ್ಣಾಕಿ."

ಅವಳು ಒಂದು ಕಾಯಿ ಕಿತ್ತು ಸೀಳಿದಳು. ಕಾಳಿರಬೇಕಾದ ಜಾಗದಲ್ಲಿ ಹಸಿರು ಹುಳ ತಲೆ ತೂರಿಸಿ ಮಲಗಿತ್ತು. ಹತ್ತು ಕಾಯಿ ಬಿಡಿಸಿದರೆ ಎಂಟು ಹೀಗೇ. ಬದು ದಾಟಿ ಯಮನೂರಸಾಬನ ಹೊಲದ ಕಾಯಿ ತಂದು ಬಿಡಿಸಿದಳು. ಅದರ ತುಂಬ ಕಾಳು.

"ಸಂಜಿ ಮುಂದ ಬೂದಿ ಬಣ್ಣದ ಪತಂಗ ಬಂದಿದ್ವೇನು?"

"ಬಂದಿದ್ವುರಿ."

"ಅವು ಹೂವಿನಾಗ ತತ್ತಿ ಇಟ್ಟು ಹೋಗ್ತಾವ. ಆ ತತ್ತಿಯಿಂದ ಹುಟ್ಟಿದ ಹುಳಾ ತಿನ್ನಾಕ ಹಕ್ಕಿ ಬರ್ತಾವ. ನೀ ನೋಡಿದ್ರ ಹಕ್ಕಿ ಹೊಡದು ಹುಳಾ ಸಾಕೀದಿ. ಬೇಲಿ ಎದ್ದು ಹೊಲಾ ಮೇದಂಗಾತು."

ಆ ಪತಂಗಗಳನ್ನೇ ಕೂರಿಸಿ ಮಾತಾಡಿಸಿದ್ದ ಹೂವಪ್ಪ ಸೀಳಿದ ಕಾಯಿಯನ್ನು ತಿರುಗಿಸಿ ತಿರುಗಿಸಿ ನೋಡಿದ. ಶೇಖವ್ವ ಹೆಚ್ಚು ಬೈಯಲಿಲ್ಲ, ಅವನಿಗೂ ಎಲೆ ಹಾಕಿಸಿದಳು. ಇನ್ನೊಂದು ಕಡಬು ಹಾಕಿಸಿಕೊ ಎಂದು ಯಾರೋ ಅಂದರು. ಮೊದಲನೆಯದೇ ಎಲೆಯಲ್ಲಿ ಹಾಗೇ ಇತ್ತು.

ಕವಣೆಯನ್ನು ಮಂಚಿಕೆಯ ಗೂಟಕ್ಕೆ ಕಟ್ಟಿ, ಎಲೆಯಲ್ಲಿದ್ದುದನ್ನು ಹಿಡಿಯಲ್ಲಿ ತುಂಬಿಕೊಂಡು ಅವನು ಅವರೆಸಾಲಿನ ನಡುವೆ ನಿಂತ. "ಬರ್ರಿ, ಉಣ್ಣ ಬರ್ರಿ," ಎಂದು ಕರೆದ. ಬದುವಿನ ಬೇವಿನ ಮರದ ತುಂಬ ಹಕ್ಕಿಗಳಿದ್ದವು. ಒಂದೂ ಇಳಿಯಲಿಲ್ಲ. ಮೂವತ್ತು ವರ್ಷ ಅವನೇ ಕಲಿಸಿದ ಪಾಠ, ಚೆನ್ನಾಗಿಯೇ ಕಲಿತಿದ್ದವು.

"ನೀ ಇರೂತನಕ ಅವು ಇಳಿಯಂಗಿಲ್ಲೋ," ಎಂದಳು ಶೇಖವ್ವ ಮೆಲ್ಲಗೆ. "ಸುಗ್ಗಿ ಮುಗಿಯೂತನಕ ದೂರ ಇರು. ಬರೋ ವರ್ಷ ಜ್ವಾಳಾ ಹಾಕ್ತೀನಿ, ಆವಾಗ ಬಾ."

"ಎಲ್ಲಿಗೆ ಹೋಗ್ಲಿರಿ ಅವ್ವಾರ?"



ಹೂವಪ್ಪ ಕಂಬಳಿ ಹೊತ್ತು ಹಳ್ಳ ದಾಟಿ ಆಚೆ ದಂಡೆಯಲ್ಲಿ ಕೂತ. ಅವನು ಕಣ್ಮರೆಯಾದದ್ದೇ ತಡ, ಹಕ್ಕಿಗಳು ಇಳಿದವು, ಮೊದಲು ಒಂದೆರಡು, ಆಮೇಲೆ ಹಿಂಡು. ಇಲ್ಲಿಂದ ಅವನಿಗೆ ಹೊಲ ಕಾಣುತ್ತಿರಲಿಲ್ಲ, ಅವುಗಳ ಗದ್ದಲ ಮಾತ್ರ ಕೇಳುತ್ತಿತ್ತು. ಇಷ್ಟು ವರ್ಷದಲ್ಲಿ ಅವನು ಹೊಲಕ್ಕೆ ಮಾಡಿದ ಒಳ್ಳೆಯ ಕಾವಲೆಂದರೆ ಇದೇ.

ಹೊತ್ತು ಇಳಿದಾಗ ಹಳ್ಳದ ಕಡೆಯಿಂದ ಒಂದು ಬೂದು ಪತಂಗ ಬಂದು ಕಂಬಳಿಯ ಮೇಲೆ ಕೂತಿತು. ಈ ಸಲ ಹೂವಪ್ಪ ಕುಂದರ್ರಿ ಎನ್ನಲಿಲ್ಲ. ಅಂಗೈಯಿಂದ ಒತ್ತಿಬಿಟ್ಟ. ಕೈಗೆ ಹತ್ತಿದ ರೆಕ್ಕೆಯ ಬೂದಿಯನ್ನು ಒರೆಸಿಕೊಳ್ಳಲೂ ಮನಸ್ಸಾಗದೆ, ಸಿದ್ದವ್ವ ಹೋದಾಗಲೂ ಅಳದವನು ಅಲ್ಲಿಯೇ ಕೂತು ಅತ್ತ.