ಪಾಪಯ್ಯ ರಸ್ತೆಯಾಚೆ ತಮಟೆ ಬಡಿದದ್ದು

ತಲಘಟ್ಟಪುರದಿಂದ ಒಳಗೆ ಹೋದರೆ ಸಿಗುವ ನಮ್ಮೂರಿನಲ್ಲಿ ತಮಟೆ ಬಡಿದು ಸುದ್ದಿ ಸಾರುವವನು ಪಾಪಯ್ಯ. ನನಗೆ ಮೈದುನನಾಗಬೇಕು. ಬಾಯಿ ತುಂಬ ಎಲೆಅಡಿಕೆ, ಮಾತು ತುಂಬ ತರಲೆ. ಮಾರಮ್ಮನ ಹಬ್ಬ ಇಂಥ ಮಂಗಳವಾರ ಎಂದು ಅವನು ಸಾರಿದನೆಂದರೆ ಮುಗಿಯಿತು, ಹಬ್ಬ ಕಳೆಯುವ ತನಕ ಊರಲ್ಲಿ ಯಾರೂ ಒಗ್ಗರಣೆ ಹಾಕುವ ಹಾಗಿಲ್ಲ. ಮನೆಮನೆಯಲ್ಲೂ ಸಪ್ಪೆ ಊಟ.

ಹೈವೇ ಬಂದು ಊರನ್ನು ಎರಡು ಮಾಡಿತು. ಆಚೆ ಹತ್ತು ಹನ್ನೆರಡು ಮನೆ ಉಳಿದವು. ನಡುವೆ ಬೇಲಿ, ಲಾರಿಗಳ ಸದ್ದು. ಆ ಕಡೆ ಹೋಗಲು ದೂರದ ಅಂಡರ್‌ಪಾಸ್ ಸುತ್ತಬೇಕು. ಪಾಪಯ್ಯನಿಗೆ ಮಂಡಿನೋವು. ಹೋದ ವರ್ಷ ಬೇಲಿಯ ಹತ್ತಿರವೇ ನಿಂತು, ಆಚೆಗೂ ಕೇಳಲಿ ಎಂದು ಜೋರಾಗಿ ಬಡಿದು ಬಂದ.

ಆಚೆ ಯಾರಿಗೂ ಕೇಳಿಸಲಿಲ್ಲ. ಮೂರನೇ ದಿನ ಅಲ್ಲಿಯ ಸೊಸೆ ಲತಾಮಣಿ ಹುಳಿಗೆ ಬೆಳ್ಳುಳ್ಳಿ ಒಗ್ಗರಣೆ ಕೊಟ್ಟಳು. ವಿಷಯ ಗುಡಿಯ ಪೂಜಾರಿಗೆ ತಲುಪಿತು.

"ಅವ್ರಿನ್ನು ಬೇರೆ ಊರು ಅಂತ ಬಿಟ್ಬಿಡಿ. ಆ ಕಡೆಯಿಂದ ಆರತಿ ಬರೋದು ಬೇಡ" ಎಂದರು.

ಲತಾಮಣಿ ನನಗೆ ಫೋನ್ ಮಾಡಿ ಅತ್ತಳು. "ದೊಡ್ಡಮ್ಮ, ತಮಟೆನೇ ಕೇಳ್ಸಿಲ್ಲ. ನನ್ನಿಂದ ಎಲ್ರ ಆರತಿನೂ ನಿಂತೋಯ್ತಲ್ಲ!"

ಪಾಪಯ್ಯನಿಗೆ ಹೇಳಿದೆ. ಅವನು ನೇರ ಗುಡಿಗೆ ನಡೆದ. ನಾನೂ ಹಿಂದೆ ಹೋದೆ.

"ಸ್ವಾಮಿ, ಅವ್ರಿಗೆ ಕೇಳ್ಸಿಲ್ಲ ಅಂದ್ಮೇಲೆ ನಾನು ಸಾರಿಯೇ ಇಲ್ಲ. ಇವತ್ತು ಹೊಸದಾಗಿ ಸಾರ್ತೀನಿ. ಹಬ್ಬ ಒಂದ್ವಾರ ಮುಂದಕ್ಕೋಗ್ಲಿ."

"ಇನ್ನೊಂದ್ವಾರ ಸಪ್ಪೆನಾ? ನಿನ್ ಮನೆ ಹಾಳಾಗ!" ಎಂದೆ.

"ಸುಮ್ನಿರಿ ಅತ್ತಿಗೆ. ನಿಮ್ ಅಡಿಗೆಗೆ ಒಗ್ಗರಣೆ ಹಾಕಿದ್ರೂ ಒಂದೇ, ಬಿಟ್ರೂ ಒಂದೇ."

ಪೂಜಾರಿಗೂ ನಗು ಬಂತು. "ಸಾರೋನೇ ಸಾರಿಲ್ಲ ಅಂದ್ರೆ ನಾನೇನ್ ಹೇಳ್ಲಿ? ಹೋಗಪ್ಪ" ಎಂದರು.

ಪಾಪಯ್ಯನ ಮಗ ವೇಣು, "ವಾಟ್ಸಾಪಲ್ಲಿ ಹಾಕ್ತೀನಿ, ನೀನು ಮನೇಲಿರಪ್ಪ" ಎಂದ.

"ಅದ್ರಲ್ಲಿ ಹೆಬ್ಬೆಟ್ಟು ಒತ್ಬುಟ್ಟು ಮತ್ತೆ ಒಗ್ಗರಣೆ ಹಾಕ್ತಾರೆ. ಬೈಕ್ ತೆಗಿ!"

ವೇಣುವಿನ ಹಿಂದೆ ಕೂತು ತಮಟೆ ಬಡಿಯುತ್ತಲೇ ಹೊರಟ. ಅಂಡರ್‌ಪಾಸಿನೊಳಗೆ ಹತ್ತು ಜನ ಬಡಿದ ಹಾಗೆ ಕೇಳಿಸಿತಂತೆ. ಆಚೆ ಒಂದು ಮನೆ ಬಿಡದೆ ಬಾಗಿಲಲ್ಲಿ ನಿಂತು ಸಾರಿದ. ಲತಾಮಣಿಯ ಬಾಗಿಲಲ್ಲಿ, "ಈಗ ಕೇಳ್ಸ್ತಾ ತಾಯಿ?" ಎಂದು ಇನ್ನೊಂದು ಸಲ ಬಡಿದನಂತೆ.

ಮಂಗಳವಾರ ಆ ಕಡೆಯ ಹೆಂಗಸರು ತಂಬಿಟ್ಟಿನ ಆರತಿ ಹೊತ್ತು ಬಂದರು. ಎಲ್ಲರಿಗಿಂತ ಹಿಂದೆ ಲತಾಮಣಿ, ತಲೆ ಬಗ್ಗಿಸಿಕೊಂಡು. ಪೂಜಾರಿ ಅವಳ ಕೈಯಿಂದ ಆರತಿ ತೆಗೆದುಕೊಂಡು, ನಮ್ಮವರ ಆರತಿಗಳ ಪಕ್ಕದಲ್ಲೇ ಅಮ್ಮನ ಮುಂದೆ ಇಟ್ಟರು.