ಟೇಪು ಕೋಣೆಯ ಅಕ್ಕ

ಅವರ ಬಲಗೈ ಹೆಬ್ಬೆರಳಿನ ಉಗುರು ನಡುವೆ ಸೀಳಿತ್ತು. ಯಂತ್ರಕ್ಕೆ ಸಿಕ್ಕಿಕೊಂಡ ಟೇಪನ್ನು ಬಿಡಿಸಿ ಬಿಡಿಸಿ ಆದ ಸೀಳು, ಮತ್ತೆಂದೂ ಮಾಯಲಿಲ್ಲ. ರೆಡ್‌ವುಡ್ ಸಿಟಿ ಹತ್ತಿರದ ಒಂದು ಸಣ್ಣ ಟಿ.ವಿ. ಸ್ಟೇಷನ್ನಿನ ಟೇಪು ಕೋಣೆ ಈ ಧಾರವಾಡದ ಹೆಂಗಸಿನ ಕೈಯಲ್ಲಿತ್ತು. ಟೇಪುಗಳನ್ನೆಲ್ಲ ಕಂಪ್ಯೂಟರಿಗೆ ಇಳಿಸಲು ನಾನು ಕೆಲಸಕ್ಕೆ ಸೇರಿದಾಗ ನನಗೆ ಟೇಪು ಹಿಡಿಯಲೂ ಬರುತ್ತಿರಲಿಲ್ಲ. ಕಲಿಸಿದವರು ಅಕ್ಕ.

ಸಿಟ್ಟಿನವರು. ಕಾಫಿ ಕಪ್ಪು ಹಿಡಿದು ಬಂದವರನ್ನು, ಮ್ಯಾನೇಜರಾದರೂ ಸರಿ, ಬಾಗಿಲಲ್ಲೇ ಅಟ್ಟುತ್ತಿದ್ದರು.

ಹಳೆಯ ಟೇಪು ತೇವ ಹೀರಿ ಅಂಟಾಗುತ್ತದೆ, ಯಂತ್ರದಲ್ಲಿ ಕಿರುಚಿ ನಿಲ್ಲುತ್ತದೆ. ಎರಡು ಸಲ ಓಡದಿದ್ದರೆ ಕಸಕ್ಕೆ ಎಂದು ಮ್ಯಾನೇಜರು ನಿಯಮ ಮಾಡಿದ. ಅಕ್ಕ ಕೆಂಡವಾದರು. "ಎರಡ ಸಲ ಕರದಾಗ ಓ ಅನ್ಲಿಲ್ಲಂತ ಮನಶ್ಯಾನ್ನ ಹೂಳ್ತಾರೇನ?" ಮನೆಯಿಂದ ಹಣ್ಣು ಒಣಗಿಸುವ ಯಂತ್ರ ತಂದು, ಸಣ್ಣ ಬಿಸಿಯಲ್ಲಿ ಟೇಪು ಒಣಗಿಸತೊಡಗಿದರು. ಗಿಲ್‌ರಾಯ್‌ನ ಬೆಳ್ಳುಳ್ಳಿ ಹೊಲದ ಕೂಲಿಯವಳೊಬ್ಬಳು, ಬೆಳೆಗೆ ಹೊಡೆದ ವಿಷದಿಂದ ತನ್ನ ಕಣ್ಣು ಹೋದದ್ದನ್ನು ಹೇಳಿದ್ದ ಟೇಪು ಹಾಗೆಯೇ ಮತ್ತೆ ಓಡಿತು. ಅವಳು ತೀರಿಹೋಗಿದ್ದಳು. ಅಕ್ಕ ಅವಳ ಮಗಳನ್ನು ಹುಡುಕಿ ಕರೆಸಿದರು. ತಾಯಿಯ ದನಿ ಕೇಳಿದ ಮಗಳು ನಿಂತಲ್ಲೇ ಅತ್ತಳು. ಮ್ಯಾನೇಜರು ಕೇಳಿದ್ದು ಇಷ್ಟೇ: ಇದಕ್ಕೆ ಎಷ್ಟು ದಿನ ಹಾಳಾಯಿತು?

ಅಕ್ಕ ಕಣ್ಣಿನ ಪೊರೆ ತೆಗೆಸಿಕೊಳ್ಳಲು ರಜೆ ಹಾಕಿದ ವಾರ ಅವನು ನನ್ನ ಮುಂದೆ ಒಂದು ಪಟ್ಟಿ ಇಟ್ಟ. ಕಂಪ್ಯೂಟರಿಗೆ ಇಳಿಸದೆ ಉಳಿದಿದ್ದ ಟೇಪುಗಳೆಲ್ಲ ಅದರಲ್ಲಿದ್ದವು. ಎಲ್ಲದರ ಮುಂದೆ 'ಎರಡು ಸಲ ಓಡಲಿಲ್ಲ' ಎಂದಿತ್ತು. ಒಂದನ್ನೂ ಯಂತ್ರಕ್ಕೆ ಹಾಕಿರಲಿಲ್ಲ. ನನ್ನ ವೀಸಾ ಅವನ ಕೈಯಲ್ಲಿತ್ತು. ಸಹಿ ಹಾಕಿದೆ. ಮರುದಿನ ಕಸದ ಲಾರಿ ಬಂತು.

ಮರಳಿ ಬಂದ ಅಕ್ಕ ಖಾಲಿ ಕಪಾಟುಗಳ ನಡುವೆ ನಿಂತರು.

"ಯಾರ ಸಹಿ?"

"ನಂದೇ, ಅಕ್ಕಾ."

"ಒಂದಾದ್ರೂ ಹಾಕಿ ನೋಡಿದ್ಯೇನ, ತಂಗಿ?"

"ಇಲ್ಲ."

ಬೈಯಲಿಲ್ಲ. ಚೀಲ ಎತ್ತಿಕೊಂಡು ಹೋದವರು ಮತ್ತೆ ಕೆಲಸಕ್ಕೆ ಬರಲಿಲ್ಲ. ಟೇಪು ಇಳಿಸುವ ಕೆಲಸ ಮುಗಿಯಿತೆಂದು ಕೇಕು ಕತ್ತರಿಸಿದ ದಿನ ಮ್ಯಾನೇಜರು ಮೈಕು ಹಿಡಿದು, ಒಂದು ಟೇಪೂ ವ್ಯರ್ಥವಾಗಲಿಲ್ಲ ಎಂದ. ಎಲ್ಲರ ಜೊತೆ ನಾನೂ ಚಪ್ಪಾಳೆ ತಟ್ಟಿದೆ. ಆ ಕೈಗಳ ಮೇಲೆ ನನಗೆ ಇವತ್ತಿಗೂ ಸಿಟ್ಟಿದೆ.

ವರ್ಷಗಳ ಮೇಲೆ, ಸರಟೋಗಾದ ಮಗಳ ಮನೆಯಲ್ಲಿ ಅವರು ಹಾಸಿಗೆ ಹಿಡಿದಿದ್ದಾಗ ಹೋಗಿ ಕ್ಷಮೆ ಕೇಳಿದೆ. "ನನ್ನ ಸಿಟ್ಟು ಹೋಗಿಲ್ಲ," ಎಂದರು. "ನಿಂದೂ ಹೋಗೂದು ಬ್ಯಾಡ. ಮುಂದ ಬೇಕಾಗ್ತದ."

ಅದೇ ತಿಂಗಳು ತೀರಿಕೊಂಡರು. ಈಗ ನಾನು ಬೇರೆ ಸ್ಟೇಷನ್ನಿನಲ್ಲಿದ್ದೇನೆ. ಮೊನ್ನೆ ಅಂಥದೇ ಕಾಗದ ಸಹಿಗೆ ಬಂತು. ಮೀಟಿಂಗಿನಲ್ಲಿ ಎಲ್ಲರೆದುರು ಹರಿದು ಹಾಕಿದೆ.